ಸೇತುವೆಯ ಆಚೆಯ ಸ್ಟೇಜ್

ಕೂಳೂರು, ಮಂಗಳೂರು
12 ಜೂನ್ 2024

ಪ್ರೀತಿಯ ಭಟ್ರೇ,

ನಿಮಗೆ ಫೋನ್ ಮಾಡಿ ಮಾಡಿ ನನ್ನ ಗಂಟಲು ಹೋಯಿತು. ನಾನು ನಮಸ್ಕಾರ ಎಂದರೆ ನೀವು "ಎಂತ? ಎಂತ?" ಎನ್ನುತ್ತೀರಿ. ಆಮೇಲೆ ವಾರಿಜಕ್ಕ ಫೋನ್ ಕಿತ್ತುಕೊಂಡು, "ಕಿವಿಗೆ ಮೆಷಿನ್ ಹಾಕಿಕೊಳ್ಳಿ ಅಂದ್ರೆ ಇವರು ಕೇಳುದೇ ಇಲ್ಲ ಮೋಹನಣ್ಣ" ಎಂದು ನನ್ನ ಹತ್ತಿರ ದೂರು ಕೊಡುತ್ತಾರೆ. ಹಾಗಾಗಿ ಈ ಕಾಗದ. ಧಾರವಾಡದ ಬಸ್ಸು ಓಡಿಸುವ ಸುಲೈಮಾನನ ಕೈಯಲ್ಲಿ ಕಳಿಸುತ್ತಿದ್ದೇನೆ. ಜೊತೆಗೆ ಅಮ್ಮ ಕೊಟ್ಟ ಒಂದು ಕಟ್ಟು ಬಸಳೆ ಉಂಟು. ನೀವು ಉರ್ವದ ಮನೆ ಬಿಟ್ಟು ಮಗಳ ಊರಿಗೆ ಹೋದರೂ ಅಮ್ಮ ನಿಮ್ಮನ್ನು ಬಿಡುವ ಹಾಗೆ ಕಾಣುವುದಿಲ್ಲ.

ಯಾವ ಬಸ್ಸಿನ ಮಾಲಕನಿಂದಲೂ ಒಂದು ಗ್ಲಾಸ್ ಚಹಾ ಕುಡಿಯದ ಮನುಷ್ಯ ನೀವು. ಇಪ್ಪತ್ತೆಂಟು ವರ್ಷ ನಮ್ಮ ಬಸ್ಸಿನಲ್ಲೇ ಸಾರಿಗೆ ಕಚೇರಿಗೆ ಹೋದಿರಿ. ನಾನು ಅದರ ಕಂಡಕ್ಟರ್ ಆಗಿದ್ದಾಗಲೂ, ಅದೇ ಬಸ್ಸನ್ನು ಕೊಂಡು ಮಾಲಕನಾದ ಮೇಲೂ, ಒಂದು ದಿನ ಟಿಕೆಟ್ ಇಲ್ಲದೆ ಕೂತವರಲ್ಲ. ಅಮ್ಮನ ಬಸಳೆಯನ್ನು ಮಾತ್ರ ಹೇಗೆ ಒಪ್ಪಿಕೊಂಡಿರೋ ನನಗೆ ಇವತ್ತಿಗೂ ಗೊತ್ತಿಲ್ಲ. ಭಟ್ರ ಮನೆಗೆ ಕೊಟ್ಟರೆ ಪುಣ್ಯ ಎಂದು ಅಮ್ಮನಿಗೆ ಇರಬೇಕು.

ಈಗ ನನ್ನ ಕೆಲಸದ ಮಾತು. ಸಾರಿಗೆ ಪ್ರಾಧಿಕಾರದ ದರ ಆದೇಶದ ಮೇಲೆ ನಮ್ಮ ಮಾಲಕರ ಸಂಘ ಮೇಲ್ಮನವಿ ಹಾಕಿದೆ. ಡೀಸೆಲ್ ಏರಬಹುದು, ಟಯರ್ ಏರಬಹುದು, ಟಿಕೆಟ್ ಮಾತ್ರ ಏರಬಾರದು ಎಂದರೆ ನಾವು ಬಸ್ಸನ್ನು ನೀರು ಹಾಕಿ ಓಡಿಸಬೇಕೇ? ನಮ್ಮ ವಕೀಲೆ ಆಂಡ್ರಿಯಾ ಎಂಬ ಹುಡುಗಿ ಬಹಳ ಚುರುಕು. ಸ್ಕೂಟರಿನಲ್ಲಿ ಹೋಗಿ ನಮ್ಮ ರೂಟನ್ನೆಲ್ಲ ಅಳೆದು ಒಂದು ತಪ್ಪು ಹಿಡಿದಿದ್ದಾಳೆ.

ಎರಡು ಕಿಲೋಮೀಟರಿಗೆ ಒಂದು ಸ್ಟೇಜ್, ಸ್ಟೇಜ್ ದಾಟಿದರೆ ದರ ಏರಬೇಕು ಎಂದು ನಮಗೆ ಪಾಠ ಮಾಡಿದವರೇ ನೀವು. 1992ರ ಪಟ್ಟಿಯಲ್ಲಿ ಕೊಟ್ಟಾರ ಚೌಕಿಯಿಂದ ಕೂಳೂರು ಸೇತುವೆಯ ಆಚೆಯ ಸ್ಟಾಪಿಗೆ, ಅಂದರೆ ನಮ್ಮ ಮನೆಯ ಹತ್ತಿರದ ಸ್ಟಾಪಿಗೆ, ಸರಿಯಾಗಿ ಎರಡು ಕಿಲೋಮೀಟರ್ ಎಂದು ಉಂಟು. ಆಂಡ್ರಿಯಾಳ ಮೀಟರಿನಲ್ಲಿ ಎರಡೂವರೆ ಬಂತು! ಸ್ಟೇಜ್ ಸೇತುವೆಯ ಈಚೆಗೆ, ಪೇಟೆ ಬದಿಯಲ್ಲೇ ಮುಗಿಯಬೇಕಿತ್ತು. ಮೂವತ್ತೆರಡು ವರ್ಷದಿಂದ ಆಚೆಯವರೆಲ್ಲ ಒಂದು ಸ್ಟೇಜ್ ಕಡಿಮೆ ಕೊಟ್ಟು ಓಡಾಡಿದ್ದಾರೆ. ಪಟ್ಟಿಯ ಕೆಳಗೆ "ಅಳತೆ ಮಾಡಿ ಸರಿಯಿದೆಯೆಂದು ಕಂಡಿದೆ" ಎಂದು ಬರೆದು ಮುದ್ದಾದ ಅಕ್ಷರದಲ್ಲಿ ಸಹಿ ಮಾಡಿದವರು ಹರಿದಾಸ ಉಪಾಧ್ಯ, ಅಂದರೆ ನೀವೇ!

ಸಿಟ್ಟೇನೂ ಇಲ್ಲ. ಅಳೆಯುವಾಗ ತಪ್ಪಿತು ಎಂದು ನೀವೊಂದು ಪ್ರಮಾಣಪತ್ರ ಮಾಡಿಕೊಟ್ಟರೆ ಸಾಕು. ಆ ರೂಟಿನಲ್ಲಿ ಈಗ ಉಳಿದಿರುವುದು ನನ್ನ ಎರಡು ಬಸ್ಸು ಮಾತ್ರ, ಹಾಗಾಗಿ ಈ ಅಂಶ ನನ್ನ ಹೆಸರಿನಲ್ಲೇ ಉಂಟು. ಇದು ಸಿಕ್ಕಿದರೆ ಎರಡನೇ ಬಸ್ಸು ಉಳಿಯುತ್ತದೆ. ಇಲ್ಲದಿದ್ದರೆ ಮಾರಬೇಕು.

ನಿಮ್ಮ
ಮೋಹನದಾಸ್


ಧಾರವಾಡ
21 ಜೂನ್ 2024

ವಿಷಯ: ಬಸಳೆ ಹಾಗೂ ಪತ್ರ ಮುಟ್ಟಿದ ಬಗ್ಗೆ.
ಉಲ್ಲೇಖ: ನಿನ್ನ ಪತ್ರ, ದಿನಾಂಕ 12.6.2024.

ಪ್ರಿಯ ಮೋಹನಾ,

ಮೇಲಿನ ಎರಡು ಸಾಲು ನೋಡಿ ನಗಬೇಡ. ಮೂವತ್ತೈದು ವರ್ಷ ಹೀಗೆ ಬರೆದ ಕೈ ಇದು. ಮಗಳು ರಂಜಿನಿಯ ಹುಟ್ಟುಹಬ್ಬಕ್ಕೆ ಶುಭಾಶಯ ಬರೆಯುವಾಗಲೂ "ವಿಷಯ" ಎಂದು ಹಾಕಿದ್ದೆನೆಂದು ವಾರಿಜಾ ಕಂಡಕಂಡವರಿಗೆಲ್ಲ ಹೇಳುತ್ತಾಳೆ.

ಬಸಳೆ ಬಾಡದೆ ಬಂತು. ಸುಲೈಮಾನ್ ಅದನ್ನು ತನ್ನ ಸೀಟಿನ ಹಿಂದೆ, ಕಿಟಕಿಯ ಗಾಳಿಗೆ ಇಟ್ಟುಕೊಂಡು ಬಂದನಂತೆ. ಕಾಯಿ ಅರೆದು ಹಾಕಿ ಪದಾರ್ಥ ಮಾಡಿದೆವು. ಪಕ್ಕದ ಮನೆಯವರಿಗೂ ಒಂದು ಬಟ್ಟಲು ಕೊಟ್ಟೆವು. ಅವರು ರೊಟ್ಟಿಯ ಜೊತೆ ತಿಂದು, ಇದೇನು ಸೊಪ್ಪು ಇಷ್ಟು ಜಾರುತ್ತದೆ ಎಂದು ಕೇಳಿದರು.

ಸ್ಟೇಜಿನ ವಿಷಯ ಓದಿದೆ. ಅಳತೆ ಹಳೆಯದು, ಅಳೆದವನೂ ಹಳಬ. ಆ ಜೀಪು, ಆ ಟೇಪು, ಆ ದಿನಗಳು ಎಲ್ಲ ಈಗ ಮಸುಕು. ನೆನಪಿಲ್ಲದ್ದನ್ನು ಪ್ರಮಾಣ ಮಾಡಿ ಹೇಳುವುದು ಹೇಗೆ? ನಿಮ್ಮ ಮೇಲ್ಮನವಿಯಲ್ಲಿ ಡೀಸೆಲ್ಲಿನ ಅಂಶ ಬಲವಾಗಿದೆ. ಅದನ್ನು ಗಟ್ಟಿಯಾಗಿ ಹಿಡಿಯಿರಿ.

ನಿನ್ನ ತಾಯಿ ದೇಯಿಯಮ್ಮ ಹೇಗಿದ್ದಾರೆ? ಈಗಲೂ ಸೇತುವೆಯ ಕಡೆಗೆ ನಡೆಯುತ್ತಾರೆಯೇ? ಈ ಸ್ಟೇಜಿನ ತಕರಾರು ಅವರಿಗೆ ಗೊತ್ತುಂಟೇ? ಸುಮ್ಮನೆ ಕೇಳಿದೆ. ಅವರಿಗೆಂದು ಪೇಡಾ ಕಳಿಸಿದ್ದೇನೆ. ನೀನು ಎರಡಕ್ಕಿಂತ ಹೆಚ್ಚು ತಿನ್ನಬೇಡ, ನಿನಗೆ ಸಕ್ಕರೆ ಇದೆ.

ಇಂತು,
ಹರಿದಾಸ ಉಪಾಧ್ಯ


ಕೂಳೂರು
1 ಜುಲೈ 2024

ಪ್ರೀತಿಯ ಭಟ್ರೇ,

ನಿಮಗೆ ನೆನಪಿಲ್ಲವೇ? ಹೌದೇ? 1998ರಲ್ಲಿ ನಾನು ನಿಮಗೆ ಚಿಲ್ಲರೆಯ ಜೊತೆ ಹರಿದ ಐದು ರೂಪಾಯಿ ನೋಟು ಕೊಟ್ಟದ್ದನ್ನು ನನ್ನ ಮಗಳ ಮದುವೆಯಲ್ಲಿ ಬೀಗರ ಎದುರು ಹೇಳಿದವರು ನೀವು. ತಾರೀಕು ಸಮೇತ ಹೇಳಿದಿರಿ. ಈಗ ಕೂಳೂರು ಸೇತುವೆ ಮಸುಕಾಯಿತೇ?

ನಿಮ್ಮ ಹೆದರಿಕೆ ನನಗೆ ಅರ್ಥವಾಗುತ್ತದೆ. ಸೇವಾ ಪುಸ್ತಕದಲ್ಲಿ ಒಂದು ಕೆಂಪು ಗೆರೆ ಇಲ್ಲದೆ ನಿವೃತ್ತರಾದವರು, ಈಗ ಹೆಸರಿಗೆ ಮಸಿ ಯಾಕೆ ಎಂದು. ಅದಕ್ಕೆ ಆಂಡ್ರಿಯಾ ಒಂದು ದಾರಿ ಹೇಳಿದ್ದಾಳೆ. ಜೀಪಿನ ಮೀಟರ್ ಹಾಳಾಗಿತ್ತು, ಹಾಗಾಗಿ ಅಳತೆ ತಪ್ಪಿತು ಎಂದು ಬರೆದರೆ ಸಾಕಂತೆ. "ಜೀಪಿನ ಮೇಲೆ ಯಾರೂ ಕ್ರಮ ತೆಗೊಳ್ಳುದಿಲ್ಲ ಅಂಕಲ್" ಎಂದು ನಗುತ್ತಾಳೆ. ನೋಡಿ, ಎಷ್ಟು ಸುಲಭ! ನಿಮ್ಮ ಹೆಸರಿಗೂ ಏನೂ ಆಗುವುದಿಲ್ಲ, ನನ್ನ ಬಸ್ಸೂ ಉಳಿಯುತ್ತದೆ.

ಸೆಪ್ಟೆಂಬರ್ 12ಕ್ಕೆ ವಿಚಾರಣೆ. ಸಂಘದಲ್ಲಿ ಎಲ್ಲರೂ, "ಭಟ್ರು ನಿನ್ನ ದೋಸ್ತಿ ಅಲ್ವಾ, ಅದು ನಿನ್ನ ಕೆಲಸ" ಎಂದು ನನ್ನ ತಲೆಗೆ ಕಟ್ಟಿದ್ದಾರೆ. ಆಚೆಯ ಬದಿಯ ನೆರೆಕರೆಯವರು ನನಗೆ ಬೈಯುತ್ತಾರೆ, ಗೊತ್ತುಂಟು. ಬೈಯಲಿ. ನನ್ನ ಎರಡನೇ ಬಸ್ಸಿನ ಡ್ರೈವರನಿಗೆ ಈ ತಿಂಗಳು ಎರಡನೇ ಹೆಣ್ಣು ಮಗು ಹುಟ್ಟಿದೆ. ಆಸ್ಪತ್ರೆಯಲ್ಲಿ ಮಗುವನ್ನು ನನ್ನ ಕೈಯಲ್ಲಿ ಕೊಟ್ಟು, "ಬಸ್ಸು ಮಾರ್ತೀರಂತೆ ಹೌದಾ ಸೇಟ್ರೇ" ಎಂದು ಕೇಳಿದ. ಮಗುವನ್ನು ಹಿಡಿದುಕೊಂಡು ಸುಳ್ಳು ಹೇಳುವುದು ಕಷ್ಟ ಭಟ್ರೇ.

ಅಮ್ಮ ಚೆನ್ನಾಗಿದ್ದಾರೆ. ಪೇಡಾವನ್ನು ಡಬ್ಬಿಯಲ್ಲಿ ಹಾಕಿ ನನ್ನಿಂದ ಅಡಗಿಸಿಟ್ಟಿದ್ದಾರೆ. ಕೇಸಿನ ವಿಷಯ ಅವರಿಗೆ ನಾನು ಹೇಳಿಲ್ಲ. ಅವರಿಗೆ ಸ್ಟೇಜ್ ಎಂದರೆ ನಾಟಕದ್ದು ಮಾತ್ರ ಗೊತ್ತಿರುವುದು.

ನಿಮ್ಮ
ಮೋಹನ


ಧಾರವಾಡ
9 ಜುಲೈ 2024

ವಿಷಯ: ಜೀಪಿನ ಮೀಟರ್ ಬಗ್ಗೆ.
ಉಲ್ಲೇಖ: ನಿನ್ನ ಪತ್ರ, ದಿನಾಂಕ 1.7.2024.

ಪ್ರಿಯ ಮೋಹನಾ,

ಜೀಪಿನ ಮೀಟರ್ ಸರಿಯಾಗಿಯೇ ಇತ್ತು. ಅದರ ಡ್ರೈವರ್ ಅರ್ಶದ್ ಪ್ರತಿ ಶನಿವಾರ ಅದರ ಗಾಜು ಒರೆಸಿ, ಉಜಿರೆಗೆ ಹೋಗಿ ಬರುವಾಗ ಮೈಲುಗಲ್ಲಿಗೆ ಹೋಲಿಸಿ ನೋಡುತ್ತಿದ್ದ ಮನುಷ್ಯ. ಈಗಲೂ ಶಕ್ತಿನಗರದಲ್ಲಿ ಇದ್ದಾನೆ. ಅವನ ಮೀಟರ್ ಹಾಳು ಎಂದು ನಾನು ಪ್ರಮಾಣ ಮಾಡಿದರೆ ಮುಂದಿನ ಸಲ ಎದುರು ಸಿಕ್ಕಿದಾಗ ಅವನ ಮುಖ ಹೇಗೆ ನೋಡಲಿ?

ನೆನಪಿಲ್ಲ ಎಂದವರಿಗೆ ಮೀಟರ್ ಮಾತ್ರ ಹೇಗೆ ನೆನಪಾಯಿತು ಎಂದು ನೀನು ಕೇಳಬಹುದು. ಕೇಳಬೇಡ.

ಒಂದು ಕೆಲಸ ಮಾಡು. ಮನೆಗೆ ಹೋಗಿ ದೇಯಿಯಮ್ಮನ ಹತ್ತಿರ ಒಂದೇ ಮಾತು ಕೇಳು: ಆಚೆಯ ಸ್ಟಾಪಿನ ವಿಷಯದಲ್ಲಿ ಭಟ್ರು ಸಹಿ ಹಾಕಬಹುದೇ ಎಂದು. ಅವರು ಹಾಕಲಿ ಎಂದರೆ ಅದೇ ದಿನ ಹಾಕುತ್ತೇನೆ. ಬೇಡ ಎಂದರೆ ನೀನು ಎಷ್ಟು ಪತ್ರ ಬರೆದರೂ ಪ್ರಯೋಜನವಿಲ್ಲ.

ಮಗುವಿಗೆ ವಾರಿಜಾ ಒಂದು ಟೊಪ್ಪಿ ಹೆಣೆದಿದ್ದಾಳೆ, ಇದರ ಜೊತೆ ಇದೆ. ಧಾರವಾಡದ ಚಳಿಯ ಅಂದಾಜಿನಲ್ಲಿ ಹೆಣೆದದ್ದು. ಮಂಗಳೂರಿನ ಸೆಕೆಗೆ ಆಗುವುದಿಲ್ಲವೆಂದು ಹೇಳಿದೆ, ಕೇಳಲಿಲ್ಲ. ಈ ಮನೆಯಲ್ಲಿ ಕಿವಿ ಕೇಳದವನು ನಾನೊಬ್ಬನೇ ಅಲ್ಲ.

ಇಂತು,
ಹರಿದಾಸ ಉಪಾಧ್ಯ


ಕೂಳೂರು
24 ಜುಲೈ 2024
ರಿಜಿಸ್ಟರ್ಡ್ ಅಂಚೆ, ಮುಟ್ಟಿದ ಸಹಿಯೊಂದಿಗೆ

ಶ್ರೀ ಹರಿದಾಸ ಉಪಾಧ್ಯರಿಗೆ,

ಇದನ್ನು ಸುಲೈಮಾನನ ಕೈಯಲ್ಲಿ ಕೊಡದೆ ರಿಜಿಸ್ಟರ್ ಮಾಡಿದ್ದೇನೆ. ಮುಟ್ಟಲಿಲ್ಲ, ಓದಲಿಲ್ಲ, ನೆನಪಿಲ್ಲ ಎಂದು ನೀವು ಹೇಳಬಾರದು ಎಂದು.

ನಾನು ನನ್ನ ಹೊಟ್ಟೆಪಾಡಿನ ಮಾತು ಕೇಳಿದರೆ ನೀವು ಅಮ್ಮನನ್ನು ಕೇಳು ಎನ್ನುತ್ತೀರಿ. ಚಿಕ್ಕ ಮಕ್ಕಳು ತಿಂಡಿ ಕೇಳಿದಾಗ ಹೇಳುವ ಹಾಗೆ. ಎಪ್ಪತ್ತೈದು ವರ್ಷದ, ಹೆಬ್ಬೆಟ್ಟು ಒತ್ತುವ ಹೆಂಗಸಿಗೆ ಪ್ರಾಧಿಕಾರದ ಪಟ್ಟಿಯ ಬಗ್ಗೆ ಎಂತ ಗೊತ್ತುಂಟು? ನಿಮಗೆ ಇದು ತಮಾಷೆ. ತಿಂಗಳಿಗೆ ಸರಿಯಾಗಿ ಪಿಂಚಣಿ ಬರುವವರಿಗೆ ತಮಾಷೆ ಸುಲಭ.

ನಿನ್ನೆ ಸಂಘದ ಸಭೆಯಲ್ಲಿ ಒಬ್ಬ ಎದ್ದು ನಿಂತು, "ಅರ್ಧ ಕಿಲೋಮೀಟರ್ ಹಾಗೇ ಬಿಟ್ಟುಹೋಗ್ತದಾ? ಆ ಭಟ್ರು ಆಗ ಯಾರ ಹತ್ರವೋ ಎಂತಾದ್ರೂ ತೆಗೊಂಡಿರ್ಬೇಕು" ಎಂದ. ನಾನು ಅವನ ಮೈಮೇಲೆ ಏರಿ ಹೋದೆ. ಇಬ್ಬರು ಸೇರಿ ನನ್ನನ್ನು ಹಿಡಿದುಕೊಂಡರು. ಆದರೆ ಮನೆಗೆ ಬರುವಾಗ ಸೇತುವೆಯ ಮೇಲೆ ನನಗೇ ಒಂದು ಅನುಮಾನ ಬಂತು. ಮೀಟರ್ ಸರಿ ಇತ್ತು, ಅರ್ಶದ್ ಸರಿ ಇದ್ದ. ಹಾಗಾದರೆ ಸರಿ ಇಲ್ಲದ್ದು ಯಾವುದು? ಇಂತಹ ಯೋಚನೆ ನಿಮ್ಮ ಬಗ್ಗೆ ನನಗೆ ಬಂತಲ್ಲ ಎಂದು ನನಗೆ ನಾಚಿಕೆ. ಬರುವ ಹಾಗೆ ಮಾಡಿದವರು ನೀವು.

ಮೂವತ್ತು ವರ್ಷ ನಮ್ಮ ಅಂಗಳದ ಬಸಳೆ ತಿಂದಿರಿ. ಒಂದು ಸಹಿ ಕೇಳಿದೆ. ಅಷ್ಟೇ.

ಈ ಸಲ ಬಸಳೆ ಇಲ್ಲ.

ಮೋಹನದಾಸ್


ಧಾರವಾಡ
9 ಆಗಸ್ಟ್ 2024

ವಿಷಯ: ಪ್ರಮಾಣಪತ್ರ ಕಳಿಸುವ ಬಗ್ಗೆ.
ಉಲ್ಲೇಖ: ನಿನ್ನ ರಿಜಿಸ್ಟರ್ಡ್ ಪತ್ರ.

ಪ್ರಿಯ ಮೋಹನಾ,

ಅಂಚೆಯವನು ಬಾಗಿಲಲ್ಲಿ ನಿಂತು ನನ್ನ ಸಹಿ ತೆಗೆದುಕೊಂಡ. ಕಚೇರಿಯಲ್ಲಿ ಇಂಥ ಪತ್ರಗಳನ್ನು ಸಾವಿರ ಕಳಿಸಿದ್ದೇನೆ. ಮನೆಗೆ, ನನ್ನ ಹೆಸರಿಗೆ, ಬಂದದ್ದು ಇದು ಮೊದಲನೆಯದು. ಪಡೆದವರಿಗೆ ಹೇಗಾಗುತ್ತದೆ ಎಂದು ಈಗ ತಿಳಿಯಿತು.

ನೋಟರಿಯ ಮುದ್ರೆಯೊಂದಿಗೆ ಪ್ರಮಾಣಪತ್ರ ಇದರ ಜೊತೆಗಿದೆ. 1992ರಲ್ಲಿ ಜೀಪಿನ ಮೀಟರ್ ತೋರಿಸಿದ್ದು ಎರಡೂವರೆ ಕಿಲೋಮೀಟರ್. ನಾನು ಬರೆದದ್ದು ಎರಡು. ತಪ್ಪೆಂದು ಗೊತ್ತಿದ್ದೇ ಬರೆದೆ. ಯಾರೂ ಒತ್ತಾಯ ಮಾಡಿಲ್ಲ, ಯಾರಿಂದಲೂ ಏನನ್ನೂ ಪಡೆದಿಲ್ಲ. ಇಷ್ಟು ಅದರಲ್ಲಿ ಇದೆ. ಕಾರಣ ಬರೆದಿಲ್ಲ. ಆ ಕಾರಣ ನನ್ನೊಬ್ಬನದಲ್ಲ, ಹಾಗಾಗಿ ಬರೆಯುವ ಅಧಿಕಾರವೂ ನನಗಿಲ್ಲ. ನಿನ್ನ ವಕೀಲೆಗೆ ಇಷ್ಟು ಸಾಕಾಗುತ್ತದೆ.

ಬಸಳೆ ತಿಂದದ್ದು ನಿಜ. ಅದೊಂದನ್ನು ಮಾತ್ರ ಬೇಡ ಎನ್ನಲು ನನ್ನಿಂದ ಆಗಲಿಲ್ಲ.

ಸಕ್ಕರೆ ಪರೀಕ್ಷೆ ಮಾಡಿಸಿದೆಯಾ?

ಇಂತು,
ಹರಿದಾಸ ಉಪಾಧ್ಯ


ಕೂಳೂರು
15 ಆಗಸ್ಟ್ 2024

ನನ್ನ ಭಟ್ರೇ,

ಇದನ್ನು ನಾಲ್ಕು ಸಲ ಬರೆದು ಹರಿದಿದ್ದೇನೆ. ಈಗ ಹೇಗೆ ಬರುತ್ತದೋ ಹಾಗೆ ಬರೆಯುತ್ತೇನೆ.

ನಿಮ್ಮ ಪ್ರಮಾಣಪತ್ರ ಮೊನ್ನೆ ಬಂತು. ನಾನು ಜಗಲಿಯಲ್ಲಿ ಕೂತು ಫೋನಿನಲ್ಲಿ ಆಂಡ್ರಿಯಾಳಿಗೆ ಗಟ್ಟಿಯಾಗಿ ಓದಿ ಹೇಳಿದೆ. ಅವಳು ಕಡೆಯ ಸಾಲುಗಳನ್ನು ಇನ್ನೊಮ್ಮೆ ಓದಿಸಿದಳು. ಮತ್ತೆ, "ಅಂಕಲ್, ಇದು ಕೊಟ್ರೆ ಈ ಪಾಯಿಂಟ್ ನಾವು ಗೆಲ್ತೇವೆ. ಆದ್ರೆ ಗೊತ್ತಿದ್ದೇ ಸುಳ್ಳು ಬರೆದೆ ಅಂತ ಇವ್ರೇ ಹೇಳಿದ್ದಾರಲ್ಲ, ನಾಳೆ ಇವ್ರಿಗೆ ನೋಟಿಸ್ ಬರ್ಬಹುದು. ಪೇಪರಿನಲ್ಲಿಯೂ ಬರ್ತದೆ. ಇವ್ರಿಗೆ ಅದು ಗೊತ್ತುಂಟಾ?" ಎಂದಳು. ಅವರಿಗೆ ಗೊತ್ತಿಲ್ಲದ ಕಾನೂನು ಇಲ್ಲ ಎಂದೆ.

ಫೋನ್ ಇಟ್ಟು ತಿರುಗಿದರೆ ಅಮ್ಮ ಬಾಗಿಲಲ್ಲಿ ನಿಂತಿದ್ದಾರೆ. ಕೈಯಲ್ಲಿ ಬಸಳೆಯ ಕತ್ತಿ. ಅವರು ತುಳುವಿನಲ್ಲಿ ಹೇಳಿದ್ದನ್ನು ಕನ್ನಡದಲ್ಲಿ ಬರೆಯುತ್ತಿದ್ದೇನೆ, ಆ ದನಿ ಮಾತ್ರ ಬರೆಯಲು ಬರುವುದಿಲ್ಲ.

"ಉರ್ವದ ಭಟ್ರದ್ದಾ ಅದು?" ಎಂದರು. ಹೌದು ಎಂದೆ. "ಆಚೆಯ ಸ್ಟಾಪಿಂದಾ?" ಹೌದು ಎಂದೆ. "ಯಾಕೆ ಹಾಗೆ ಮಾಡಿದ್ದು ಅಂತ ಅದರಲ್ಲಿ ಬರೆದಿದ್ದಾರಾ?" ಇಲ್ಲ ಎಂದೆ. ಅಮ್ಮ ಅಲ್ಲಿಯೇ ಹೊಸ್ತಿಲ ಮೇಲೆ ಕೂತುಬಿಟ್ಟರು. "ಹೇಳ್ಬೇಡಿ ಅಂತ ಒಂದು ಸಲ ಹೇಳಿದ್ದಕ್ಕೆ ಇಷ್ಟು ವರ್ಷ ಹೇಳ್ಲಿಲ್ಲ ನೋಡು ಆ ಮನುಷ್ಯ" ಎಂದರು.

ಆಮೇಲೆ ಎಲ್ಲ ಹೇಳಿದರು ಭಟ್ರೇ. ನಿಮಗೆ ಗೊತ್ತಿರುವುದೇ. ಆದರೂ ನಾನು ಬರೆಯಬೇಕು, ಇಲ್ಲದಿದ್ದರೆ ನನಗೆ ಉಸಿರು ಬಿಡಲು ಆಗುವುದಿಲ್ಲ.

ಆಗ ನಾನು ಕಂಡಕ್ಟರ್ ಆಗಿ ಮೂರು ತಿಂಗಳು. ತಂಗಿಯನ್ನು ಟಿಕೆಟ್ ಇಲ್ಲದೆ ಕೂರಿಸಿಕೊಂಡ ಎಂದು ನನ್ನ ಮೊದಲಿನವನನ್ನು ಆಗಿನ ಮಾಲಕರು ಅದೇ ದಿನ ಕೆಲಸದಿಂದ ಇಳಿಸಿದ್ದರು. ಸ್ಟೇಜ್ ಆಗ ಸೇತುವೆಯ ಈಚೆಗಿತ್ತು. ಆಚೆ ಹತ್ತಿದರೆ ಒಂದು ಸ್ಟೇಜಿನ ದುಡ್ಡು ಹೆಚ್ಚು. ಉರ್ವ ಮಾರ್ಕೆಟಿಗೆ ಸೊಪ್ಪು ಮಾರಲು ಹೋಗುವ ಹೆಂಗಸರು ಚಿಲ್ಲರೆ ಕಡಿಮೆ ಕೊಟ್ಟರೆ, "ಅಕ್ಕ, ಇಳಿಯಿರಿ, ಸೇತುವೆ ದಾಟಿ ಹತ್ತಿ" ಎಂದು ಹೇಳುತ್ತಿದ್ದವನು ನಾನೇ. ಹೊಸ ಕಂಡಕ್ಟರನ ಜೋರು. ನನ್ನ ಅಮ್ಮ ಮುಂಚಿನ ಬಸ್ಸಿಗೆ ಹೋಗುತ್ತಾರೆ ಎಂದು ನಾನು ನಂಬಿದ್ದೆ. ಈಚೆಯಿಂದ ಬೇರೆ ಬಸ್ಸು ಹತ್ತಲು ಅವರು ಹೋಗುತ್ತಿದ್ದದ್ದು ನಡೆದು. ತಲೆಯ ಮೇಲೆ ಬುಟ್ಟಿ ಹೊತ್ತು, ಅದಿರಿನ ಲಾರಿಗಳ ಬದಿಯಲ್ಲಿ, ಆ ಕಿರಿದಾದ ಹಳೇ ಸೇತುವೆಯ ಮೇಲೆ. ಬುಟ್ಟಿ ಲಾರಿಗೆ ತಾಗಿ ಹೊಳೆಗೆ ಬಿದ್ದ ದಿನ ನೀವು ಜೀಪಿನಲ್ಲಿ ಅಳೆಯುತ್ತಾ ಅಲ್ಲಿಗೆ ಬಂದಿರಂತೆ. ಅಮ್ಮ ತಡೆಗೋಡೆ ಹಿಡಿದುಕೊಂಡು ನಿಂತಿದ್ದರಂತೆ.

"ಬಸ್ಸಿದೆಯಲ್ಲ, ಯಾಕೆ ನಡೆಯುವುದು ಅಂತ ಭಟ್ರು ಕೇಳಿದ್ರು" ಎಂದರು ಅಮ್ಮ. "ನಾನು ಹೇಳಿದೆ, ಬಸ್ಸಿನಲ್ಲಿ ನನ್ನ ಮಗ ಇದ್ದಾನೆ. ನನ್ನ ಹತ್ರ ಒಂದು ಸ್ಟೇಜಿನ ದುಡ್ಡು ಕಮ್ಮಿ ಬೀಳ್ತದೆ. ಬೇರೆಯವರಿಗೆ ಹೇಳಿದ ಹಾಗೆ ಅವ ನನಗೆ ಇಳಿಯಿರಿ ಅಂತ ಹೇಳುದಿಲ್ಲ. ಹೇಳದಿದ್ರೆ ಅವನ ಕೆಲಸ ಹೋಗ್ತದೆ. ಅವನಿಗೆ ಮಾತ್ರ ಹೇಳ್ಬೇಡಿ ಅಂದೆ. ಭಟ್ರು ಜೀಪಿನಲ್ಲಿ ಕೂತು ಏನೋ ಬರೆದುಕೊಂಡ್ರು."

ಮುಂದಿನ ತಿಂಗಳು ಹೊಸ ಪಟ್ಟಿ ಬಂತು. ಸ್ಟೇಜ್ ಆಚೆಗೆ ಹೋಯಿತು. ಅಮ್ಮ ಮೊದಲ ಸಲ ನನ್ನ ಬಸ್ಸು ಹತ್ತಿದ್ದು ನನಗೆ ಚೆನ್ನಾಗಿ ನೆನಪುಂಟು. ಸೆರಗಿನ ಗಂಟಿನಿಂದ ಸರಿಯಾದ ಚಿಲ್ಲರೆ ತೆಗೆದು ಎಲ್ಲರ ಎದುರು ನನ್ನ ಕೈಗೆ ಕೊಟ್ಟು, "ಟಿಕೆಟ್ ಕೊಡು" ಎಂದರು. ಅಮ್ಮನಿಗೆ ಎಂತ ಗತ್ತು ಎಂದು ನಾನು ನಕ್ಕಿದ್ದೆ. ಮೂರನೇ ಸೀಟಿನಲ್ಲಿ ನೀವು ಕೂತಿದ್ದಿರಾ ಭಟ್ರೇ? ಅದು ಮಾತ್ರ ನೆನಪಾಗುವುದಿಲ್ಲ.

ನೀವು ಅಮ್ಮನನ್ನು ಕೇಳು ಎಂದಿರಿ. ನಾನು ನಿಮಗೆ ರಿಜಿಸ್ಟರ್ ಮಾಡಿದೆ. ನನ್ನನ್ನು ಕ್ಷಮಿಸಿ ಎಂದು ಬರೆದರೆ ಬಹಳ ಸಣ್ಣ ಮಾತಾಗುತ್ತದೆ. ಬೇರೆ ಮಾತು ನನಗೆ ಗೊತ್ತಿಲ್ಲ.

ಬಸಳೆ ಎರಡು ಕಟ್ಟು ಉಂಟು. ಒಂದು ಕಳೆದ ಸಲದ ಬಾಕಿ.

ಮೋಹನ


ಧಾರವಾಡ
23 ಆಗಸ್ಟ್ 2024

ಪ್ರಿಯ ಮೋಹನಾ,

ಇವತ್ತು ವಿಷಯವೂ ಇಲ್ಲ, ಉಲ್ಲೇಖವೂ ಇಲ್ಲ. ನಿನ್ನ ಪತ್ರವನ್ನು ವಾರಿಜಾಳಿಗೆ ಓದಿ ಹೇಳಿದೆ. ಅವಳಿಗೂ ಇದುವರೆಗೆ ಗೊತ್ತಿರಲಿಲ್ಲ. ಅರ್ಧಕ್ಕೆ ಬರುವಾಗ ಕಾಗದವನ್ನು ಅವಳ ಕೈಗೆ ಕೊಟ್ಟೆ, ಉಳಿದದ್ದನ್ನು ಅವಳು ಓದಿದಳು.

ಹೌದು, ಮೂರನೇ ಸೀಟಿನಲ್ಲಿ ಕೂತಿದ್ದೆ. ಉರ್ವದಿಂದ ಹತ್ತುವವನು ಆ ದಿನ ಬೇಕೆಂದೇ ಕೂಳೂರಿಗೆ ಬಂದು ಆಚೆಯಿಂದ ಹತ್ತಿದ್ದೆ. ಪಟ್ಟಿ ಜಾರಿಯಾಗಿದೆಯೇ ಎಂದು ನೋಡಲು ಬಂದೆ ಎಂದು ನನಗೆ ನಾನೇ ಹೇಳಿಕೊಂಡೆ. ನೋಡಬೇಕಾದದ್ದನ್ನು ನೋಡಿದೆ. ನಿನ್ನ ಅಮ್ಮ ಟಿಕೆಟನ್ನು ಎರಡು ಕೈಯಲ್ಲಿ ಹಿಡಿದುಕೊಂಡು ಉರ್ವದವರೆಗೆ ಕೂತಿದ್ದರು. ನನ್ನ ಕಡೆಗೆ ಒಂದು ಸಲವೂ ತಿರುಗಲಿಲ್ಲ. ಮರುವಾರ ಬಸಳೆ ಬಂತು. ಲಂಚ ಎಂದು ಹಿಂದೆ ಕಳಿಸಲು ಎದ್ದವನು, ಅವರು ಅಷ್ಟು ಜೋಪಾನವಾಗಿ ಕಟ್ಟಿದ ಬಾಳೆನಾರನ್ನು ನೋಡಿ ಕೂತುಬಿಟ್ಟೆ.

ನಾನು ಮಾಡಿದ್ದು ಕಡತದ ಪ್ರಕಾರ ತಪ್ಪು. ಆ ರೂಟಿನ ಮಾಲಕರಿಗೆ ಅದರಿಂದ ನಷ್ಟವಾಗಿದೆ, ಅದರಲ್ಲಿ ನೀನೂ ಒಬ್ಬ. ಮೂವತ್ತೈದು ವರ್ಷದಲ್ಲಿ ಗೊತ್ತಿದ್ದು ಬರೆದ ಸುಳ್ಳು ಅದೊಂದೇ. ನನಗೆ ಅದರ ಬಗ್ಗೆ ಯಾವಾಗಲಾದರೂ ಪಶ್ಚಾತ್ತಾಪ ಬಂದಿತೇ ಎಂದು ಹುಡುಕಿದ್ದೇನೆ. ಬಂದಿಲ್ಲ. ಅದೇ ನನಗೆ ಹೆದರಿಕೆ.

ಈಗ ನನ್ನ ಮಾತು ಕೇಳು. ಆ ಪ್ರಮಾಣಪತ್ರವನ್ನು ಹಾಕು. ನಿನ್ನ ಡ್ರೈವರನಿಗೆ ಎರಡು ಮಕ್ಕಳು. ನೋಟಿಸ್ ಬಂದರೆ ಉತ್ತರ ಬರೆಯಲು ನನಗಿಂತ ಚೆನ್ನಾಗಿ ಯಾರಿಗೆ ಬರುತ್ತದೆ? ಈಗ ಸೇತುವೆಯ ಮೇಲೆ ಬುಟ್ಟಿ ಹೊತ್ತು ನಡೆಯುವವರು ಯಾರೂ ಇಲ್ಲ. ದೇಯಿಯಮ್ಮನೂ ಮಾರ್ಕೆಟಿಗೆ ಹೋಗುವುದಿಲ್ಲ. ಅಂದಿನ ಕಾರಣ ಮುಗಿದಿದೆ. ನನ್ನ ಹೆಸರಿಗಾಗಿ ನೀನು ಬಸ್ಸು ಮಾರುವುದು ನನಗೆ ಬೇಡ.

ನಿನ್ನ
ಹರಿದಾಸ


ಕೂಳೂರು
18 ಸೆಪ್ಟೆಂಬರ್ 2024

ಪ್ರೀತಿಯ ಭಟ್ರೇ,

ನಿಮ್ಮ ಮಾತು ಕೇಳಲಿಲ್ಲ. ಅದಕ್ಕೆ ಮೊದಲೇ ಬೈಸಿಕೊಳ್ಳುತ್ತೇನೆ.

ವಿಚಾರಣೆಯ ಮೊದಲಿನ ಭಾನುವಾರ ಬೆಳಿಗ್ಗೆ ಅಮ್ಮನ ಜೊತೆ ಸೇತುವೆಗೆ ಹೋದೆ. ಆ ಕಾರಣ ಮುಗಿದಿದೆ ಎಂದು ನೀವು ಬರೆದದ್ದನ್ನು ನನ್ನ ಕಣ್ಣಲ್ಲೇ ನೋಡಬೇಕು ಎಂದು. ಅಮ್ಮ ನಿಧಾನಕ್ಕೆ ನಡೆದರು. ನಡುವಿಗೆ ಬಂದು ತಡೆಗೋಡೆಯ ಮೇಲೆ ಕೈಯಿಟ್ಟು "ಇಲ್ಲಿ" ಎಂದರು. ಹೊಳೆಯ ಕಡೆಗೆ ನೋಡಿ, "ಅವತ್ತು ಒಳ್ಳೆ ಹರಿವೆ ಇತ್ತು ಮಾರಾಯ, ದಂಟು ಇಷ್ಟು ದಪ್ಪ" ಎಂದು ಕೈಯಲ್ಲಿ ತೋರಿಸಿದರು. ಮೂವತ್ತೆರಡು ವರ್ಷದ ಮೇಲೂ ಅವರಿಗೆ ಬೇಜಾರು ಇರುವುದು ಆ ಹರಿವೆಯದ್ದು!

ಹಿಂದೆ ಬರುವಾಗ ಆಚೆಯ ಸ್ಟಾಪಿನಲ್ಲಿ ಇಬ್ಬರು ಹೆಂಗಸರು ಬಸ್ಸಿಗೆ ಕಾಯುತ್ತಾ ನಿಂತಿದ್ದರು. ಫ್ಲ್ಯಾಟುಗಳಲ್ಲಿ ಪಾತ್ರೆ ತೊಳೆಯುವವರು. ಒಬ್ಬಳ ಹೆಸರು ಆಗ್ನೆಸ್, ಅಮ್ಮನಿಗೆ ಪರಿಚಯ. ಒಂದು ಸ್ಟೇಜ್ ಏರಿದರೆ ಎಂತ ಮಾಡ್ತೀರಿ ಎಂದು ನಾನು ಸುಮ್ಮನೆ ಕೇಳಿದೆ. ಅವಳು ನಗುತ್ತಾ, "ಎಂತ ಮಾಡುದು, ಸೇತುವೆ ನಡೆದು ಈಚೆಯಿಂದ ಹತ್ತುದು" ಎಂದಳು. ಅಮ್ಮ ನನ್ನ ಮುಖ ನೋಡಿದರು.

ವಿಚಾರಣೆಗೆ ಬೆಂಗಳೂರಿಗೆ ಹೋದೆ. ನಮ್ಮ ಸರದಿ ಬಂದಾಗ ಆ ಅಂಶವನ್ನು ಬಿಡುತ್ತೇವೆ ಎಂದು ಆಂಡ್ರಿಯಾ ಹೇಳಿದಳು. ನ್ಯಾಯಮಂಡಳಿಯ ಅಧ್ಯಕ್ಷರು ಕಡತದಿಂದ ತಲೆ ಎತ್ತಿ, ಅರ್ಧ ಕಿಲೋಮೀಟರ್ ವ್ಯತ್ಯಾಸ ಇದೆಯೆಂದು ನೀವೇ ಬರೆದಿದ್ದೀರಲ್ಲ, ಈಗ ಯಾಕೆ ಬಿಡುತ್ತೀರಿ ಎಂದು ಕೇಳಿದರು. ಅವಳು ನನ್ನ ಕಡೆ ನೋಡಿದಳು. ನಾನು ಎದ್ದು ನಿಂತೆ.

"ಇನ್ನೊಮ್ಮೆ ಅಳೆದೆ ಸ್ವಾಮಿ. ಸ್ಟೇಜ್ ಇರುವಲ್ಲೇ ಇರಲಿ" ಎಂದೆ.

"ಈ ಸಲ ಎಂಥದರಲ್ಲಿ ಅಳೆದಿರಿ?"

"ನಡೆದು" ಎಂದೆ.

ಅವರು ಒಂದು ಗಳಿಗೆ ನನ್ನನ್ನು ನೋಡಿ, ಬಿಡಲಾಗಿದೆ ಎಂದು ಬರೆಸಿದರು. ಡೀಸೆಲ್ಲಿನ ಅಂಶದಲ್ಲಿ ನಮ್ಮ ಮಾತು ಒಪ್ಪಿದ್ದಾರೆ, ನೀವು ಹೇಳಿದ ಹಾಗೆಯೇ ಅದು ಬಲವಾಗಿತ್ತು. ದರವನ್ನು ಹೊಸದಾಗಿ ನೋಡಿ ಎಂದು ಪ್ರಾಧಿಕಾರಕ್ಕೆ ಹೇಳಿದ್ದಾರೆ. ಅದು ಬರುವಾಗ ಇನ್ನಾರು ತಿಂಗಳು.

ಅಲ್ಲಿಯವರೆಗೆ ಎರಡನೇ ಬಸ್ಸನ್ನು ತಡೆದುಕೊಳ್ಳಲು ನನ್ನಿಂದ ಆಗಲಿಲ್ಲ. ಸೋಮವಾರ ಮಾರಿದೆ. ಕೊಂಡವರ ಹತ್ತಿರ ಡ್ರೈವರನ ಬಗ್ಗೆ ಮಾತಾಡಿ ಅವನನ್ನೂ ಬಸ್ಸಿನ ಜೊತೆಗೇ ಕಳಿಸಿದೆ, ಶಕ್ತಿನಗರದ ರೂಟ್. ಮಗುವಿಗೆ ಟೊಪ್ಪಿ ಹಾಕಿ ಫೋಟೋ ತೆಗೆದಿದ್ದಾನೆ, ವಾರಿಜಕ್ಕನ ಫೋನಿಗೆ ಕಳಿಸಿದ್ದೇನೆ. ಮಗು ಬೆವರುತ್ತಾ ನಗುತ್ತಿದೆ. ಎರಡನೇ ಬಸ್ಸಿನ ಕಂಡಕ್ಟರ್ ಮಸ್ಕತ್‌ಗೆ ಹೋಗುತ್ತಾನೆ, ವೀಸಾ ಬಂದಿದೆ. ಉಳಿದ ಬಸ್ಸಿನ ಕಂಡಕ್ಟರನಿಗೆ ವಯಸ್ಸಾಯಿತು, ಬೆಳಗಿನ ಟ್ರಿಪ್ ಕಷ್ಟ ಎನ್ನುತ್ತಾನೆ. ಹಾಗಾಗಿ ಬೆಳಗಿನ ಎರಡು ಟ್ರಿಪ್ಪಿಗೆ ಬ್ಯಾಗು ಹಾಕಿಕೊಂಡು ನಾನೇ ಹೋಗುತ್ತೇನೆ. ಸೀಟಿ ಊದುವುದು ಮರೆತಿಲ್ಲ. ಸಂಘದವರು ನನ್ನ ಹತ್ತಿರ ಮಾತಾಡುವುದಿಲ್ಲ, ನೋಡುವ, ಎಷ್ಟು ದಿನ ಎಂದು.

ಬಸ್ಸು ಹೋದದ್ದಕ್ಕೆ ಸಂಕಟ ಆಗಲಿಲ್ಲ ಎಂದು ಬರೆದರೆ ಸುಳ್ಳು. ಅದನ್ನು ಕೊಂಡ ದಿನ ಅಮ್ಮನ ಕೈಯಲ್ಲೇ ಹೂ ಹಾಕಿಸಿದ್ದೆ. ಆದರೆ ಹೀಗಾಯಿತಲ್ಲ ಎಂದು ಒಂದು ಸಲವೂ ಅನ್ನಿಸಿಲ್ಲ.

ಆ ಪ್ರಮಾಣಪತ್ರವನ್ನು ಯಾರಿಗೂ ಕೊಟ್ಟಿಲ್ಲ. ಹಿಂದೆ ಕಳಿಸಿದ್ದೇನೆ, ಬಸಳೆಯ ಕಟ್ಟಿನ ಒಳಗೆ ಉಂಟು. ಕಟ್ಟು ಕಟ್ಟಿದ್ದು ಅಮ್ಮ. ಅವರಿಗೆ ಅದು ಬರೀ ಕಾಗದ, ಒದ್ದೆ ಸೊಪ್ಪಿಗೇ ಸುತ್ತಿದ್ದಾರೆ.

ನಿಮ್ಮ
ಮೋಹನ


ಧಾರವಾಡ
27 ಸೆಪ್ಟೆಂಬರ್ 2024

ವಿಷಯ: ಬಸಳೆ ಒಂದು ಕಟ್ಟು, ಪ್ರಮಾಣಪತ್ರ ಒಂದು (ಒದ್ದೆ), ಮುಟ್ಟಿದ ಬಗ್ಗೆ.
ಉಲ್ಲೇಖ: ನಿನ್ನ ಅವಿಧೇಯತೆ.

ಕಂಡಕ್ಟರ್ ಮೋಹನದಾಸನಿಗೆ,

ನೋಟರಿಯ ಮುದ್ರೆ ಕರಗಿ ದಂಟಿಗೆಲ್ಲ ನೀಲಿ ಬಣ್ಣ ಹಿಡಿದಿತ್ತು. ವಾರಿಜಾ ಮೂರು ಸಲ ತೊಳೆದು ಅಡುಗೆ ಮಾಡಿದಳು. ಪ್ರಮಾಣಪತ್ರ ಓದಲು ಬರುವ ಸ್ಥಿತಿಯಲ್ಲಿ ಇಲ್ಲವಾದ್ದರಿಂದ ಕಡತದಿಂದ ತೆಗೆದುಹಾಕಲಾಗಿದೆ.

ನಿನಗೆ ಬೈಯಬೇಕು ಎಂದು ಕೂತೆ. ನಾಲ್ಕು ಸಲ ಬರೆದು ನಾನೂ ಹರಿದೆ. ಬಸ್ಸು ಹೋಯಿತಲ್ಲ ಎಂದು ನನಗೆ ನಿಜವಾಗಿ ದುಃಖವಾಗಿದೆ ಮೋಹನಾ. ಆದರೆ ಮೂವತ್ತೆರಡು ವರ್ಷ ಆ ಅರ್ಧ ಕಿಲೋಮೀಟರನ್ನು ನಾನೊಬ್ಬನೇ ಹೊತ್ತುಕೊಂಡಿದ್ದೆ. ಈಗ ಇನ್ನೊಬ್ಬನ ಸಹಿಯೂ ಬಿತ್ತು. ಎಷ್ಟು ಹಗುರವಾಗಿದೆ ಎಂದು ನಿನಗೆ ಹೇಗೆ ಹೇಳಲಿ?

ಅಕ್ಟೋಬರ್ ಹತ್ತಕ್ಕೆ ಸುಲೈಮಾನನ ಬಸ್ಸಿನಲ್ಲಿ ನಾವಿಬ್ಬರೂ ಮಂಗಳೂರಿಗೆ ಬರುತ್ತೇವೆ. ರಂಜಿನಿ ಬಲವಂತ ಮಾಡಿ ಕಿವಿಗೆ ಮೆಷಿನ್ ಹಾಕಿಸಿದ್ದಾಳೆ, ಹಾಗಾಗಿ ನೀನು ಕಿರುಚಬೇಕಾಗಿಲ್ಲ. ಮರುದಿನ ಬೆಳಿಗ್ಗೆ ದೇಯಿಯಮ್ಮನನ್ನು ಕರೆದುಕೊಂಡು ಸೇತುವೆಯ ಆಚೆಯ ಸ್ಟಾಪಿನಲ್ಲಿ ನಿಂತಿರುತ್ತೇನೆ. ಉರ್ವಕ್ಕೆ ಎರಡು ಟಿಕೆಟ್. ಅವರ ದುಡ್ಡು ಅವರೇ ಕೊಡುತ್ತಾರೆ, ನೀನು ಬೇಡ ಎನ್ನಬಾರದು. ನನ್ನದನ್ನು ನಾನು ಕೊಡುತ್ತೇನೆ. ಒಂದು ಸ್ಟೇಜ್ ಹೆಚ್ಚು ತೆಗೆದೆಯೋ, ಕಚೇರಿಗೆ ಹೋಗಿ ನಿನ್ನ ಮೇಲೆ ನಾನೇ ದೂರು ಬರೆದುಕೊಡುತ್ತೇನೆ.

ಹರಿದ ನೋಟು ಕೊಡಬೇಡ.

ನಿನ್ನ
ಹರಿದಾಸ